ಒಂದೇ ಕಡೆ ಉರಿಯುವ ದೀಪ

'ಕತ್ತಲಲ್ಲಿ ನಿಂತಿದ್ದ ಲಾರಿಗೆ ಬೈಕ್ ಡಿಕ್ಕಿ, ಸವಾರ ಸಾವು.' ಜಿಲ್ಲಾ ವರದಿಗಾರರಾದ ನಾವು ಈ ಸಾಲನ್ನು ಎಷ್ಟು ಸಲ ಬರೆದಿದ್ದೇವೋ ಲೆಕ್ಕವಿಲ್ಲ. ಅದಕ್ಕೇ ಜರ್ಮನ್ ಕಾರುಗಳ ಒಂದು ಸಣ್ಣ ಸೌಲಭ್ಯ ನಮ್ಮ ಗಮನ ಸೆಳೆಯಿತು.

ಅಲ್ಲಿನ ಹಲವು ಕಾರುಗಳಲ್ಲಿ ಕೀ ತೆಗೆದ ಮೇಲೆ ಇಂಡಿಕೇಟರ್ ಕಡ್ಡಿಯನ್ನು ಒಂದು ಕಡೆಗೆ ತಳ್ಳಿದರೆ ಆ ಬದಿಯ ಮುಂದಿನ ಬಿಳಿ, ಹಿಂದಿನ ಕೆಂಪು ದೀಪ ಮಾತ್ರ ಮಿಣುಕದೆ ಉರಿಯುತ್ತವೆ. ಗೊತ್ತಿಲ್ಲದವರು ವೈರಿಂಗ್ ಕೆಟ್ಟಿದೆ ಎಂದುಕೊಳ್ಳುತ್ತಾರೆ.

ಇದು ಬ್ಯಾಟರಿ ಉಳಿಸುವ ಉಪಾಯ. 1960ರ ದಶಕದ ಆರಂಭದಲ್ಲೂ ಫೋಕ್ಸ್‌ವ್ಯಾಗನ್ ಬೀಟಲ್‌ಗೆ ಇದ್ದದ್ದು 6 ವೋಲ್ಟ್ ವ್ಯವಸ್ಥೆ. ರಾತ್ರಿಯಿಡೀ ಎಲ್ಲ ದೀಪ ಉರಿಸಿದರೆ ಬೆಳಗ್ಗೆ ಗಾಡಿ ಸ್ಟಾರ್ಟ್ ಆಗುವುದು ಕಷ್ಟ. ಜರ್ಮನಿಯ 1970ರ ಸಂಚಾರ ನಿಯಮಾವಳಿಯ ಪ್ರಕಾರ, ಬೀದಿದೀಪದಲ್ಲಿ ಸರಿಯಾಗಿ ಕಾಣದ ಕಾರಿಗೆ ಊರೊಳಗೆ ರಸ್ತೆಯ ಕಡೆಯ ದೀಪವಷ್ಟೇ ಸಾಕು. ರಾತ್ರಿಯಿಡೀ ಉರಿಯದ ಬೀದಿದೀಪದ ಕಂಬಕ್ಕೆ ಕೆಂಪು ಪಟ್ಟಿಯ ಗುರುತೂ ಉಂಟು.

ಊರಾಚೆ ಮಾತ್ರ ಈ ರಿಯಾಯಿತಿ ಇಲ್ಲ. ಅಲ್ಲಿ ನಿಂತ ವಾಹನ ತನ್ನದೇ ದೀಪಗಳನ್ನು ಉರಿಸಲೇಬೇಕು.

ನಮ್ಮ ಕಡೆ ಕಬ್ಬಿನ ಟ್ರ್ಯಾಕ್ಟರ್ ಕೆಟ್ಟು ನಿಂತರೆ ಹಿಂದೆ ನಾಲ್ಕು ಕಲ್ಲು, ಒಂದಿಷ್ಟು ಸೊಪ್ಪು ಇಡುತ್ತಾರೆ. ಹಗಲಿಗೆ ಅದು ಸಾಕು. ರಾತ್ರಿ ಆ ಕಲ್ಲೂ ಕಾಣುವುದಿಲ್ಲ.