ವಿವಾದಿತ ಆಸ್ತಿಯ ಬ್ಯಾಂಕ್ ಜಪ್ತಿ: ಬೆಂಗಳೂರು ಗ್ರಾಮಾಂತರ ಜಿಲ್ಲೆ

ಸಾಲ ತೀರಿಸದವರ ಅಡಮಾನದ ಸ್ವತ್ತನ್ನು ಬ್ಯಾಂಕು ವಶಪಡಿಸಿಕೊಳ್ಳುವ ಹೊತ್ತಿಗೆ, ಅದೇ ಸ್ವತ್ತು ಯಾರದೆಂಬ ದಾವೆ ಸಿವಿಲ್ ನ್ಯಾಯಾಲಯದಲ್ಲಿ ನಡೆಯುತ್ತಿರುವ ಸನ್ನಿವೇಶ. ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ, ನೆಲಮಂಗಲ ತಾಲ್ಲೂಕುಗಳಲ್ಲಿ ಈ ತೊಡಕಿಗೆ ಮೂಲ ಎರಡು: ಪಾಲಾಗದ ಪಿತ್ರಾರ್ಜಿತ ಜಮೀನು ಮತ್ತು ಏರಿದ ಭೂಮಿಯ ಬೆಲೆ. 2008ರಲ್ಲಿ ದೇವನಹಳ್ಳಿ ಬಳಿ ವಿಮಾನ ನಿಲ್ದಾಣ ಆರಂಭವಾದ ಮೇಲೆ, ಅಣ್ಣತಮ್ಮಂದಿರು ಬಾಯಿಮಾತಿನಲ್ಲಿ ಹಂಚಿಕೊಂಡು ಉಳುತ್ತಿದ್ದ ಹೊಲಗಳಿಗೂ ಕಾಗದಪತ್ರ ಹುಡುಕುವ ಕಾಲ ಬಂತು.

ಹಿಂದೆ ಬ್ಯಾಂಕಿಗೂ ನ್ಯಾಯಾಲಯವೇ ದಾರಿ. ದಾವೆ ಹೂಡಿ, ಡಿಕ್ರಿ ಪಡೆದು, ಅಮಲ್ಜಾರಿ ಅರ್ಜಿ ಹಾಕಬೇಕಿತ್ತು. ಇದಕ್ಕೆ ಹೊರತಾಗಿದ್ದದ್ದು ರಾಜ್ಯ ಹಣಕಾಸು ಸಂಸ್ಥೆಗಳು. 1951ರ ಕಾಯ್ದೆಯ 29ನೇ ಕಲಮಿನಡಿ ಅವು ಸಾಲಗಾರರ ಕಾರ್ಖಾನೆಯನ್ನು ನೇರವಾಗಿ ವಶಕ್ಕೆ ಪಡೆಯಬಹುದಿತ್ತು. 1993ರ ಕಾಯ್ದೆ ಸಾಲ ವಸೂಲಾತಿ ನ್ಯಾಯಮಂಡಳಿಗಳನ್ನು ತಂದಿತು. 2002ರ ಸರ್ಫೇಸಿ ಕಾಯ್ದೆ ಬ್ಯಾಂಕಿನ ಕೈಗೇ ಬೀಗ ಕೊಟ್ಟಿತು.

ಅದರ ಕ್ರಮ ಹೀಗಿದೆ. ಮೊದಲು 60 ದಿನಗಳ ನೋಟಿಸು. ಆಮೇಲೆ ಬಾಗಿಲಿಗೆ ಸ್ವಾಧೀನ ನೋಟಿಸು ಅಂಟಿಸಿ, ಎರಡು ಪತ್ರಿಕೆಗಳಲ್ಲಿ, ಅದರಲ್ಲೊಂದು ಸ್ಥಳೀಯ ಭಾಷೆಯದು, ಪ್ರಕಟಿಸುತ್ತಾರೆ. ಇದು ಸಾಂಕೇತಿಕ ಸ್ವಾಧೀನ. ಒಳಗೆ ಇನ್ನೂ ಒಲೆ ಉರಿಯುತ್ತಿರುತ್ತದೆ. ಜನರನ್ನು ಹೊರಗೆ ಕಳಿಸಬೇಕಾದಾಗ 14ನೇ ಕಲಮಿನಡಿ ಜಿಲ್ಲಾಧಿಕಾರಿಗೆ ಇಲ್ಲವೇ ಮುಖ್ಯ ನ್ಯಾಯಿಕ ದಂಡಾಧಿಕಾರಿಗೆ ಅರ್ಜಿ ಹೋಗುತ್ತದೆ. ಆದೇಶವಾದರೆ ಪೊಲೀಸರೊಂದಿಗೆ ಅಧಿಕಾರಿಗಳು ಬಂದು, ಪಾತ್ರೆಪಗಡ ಸಮೇತ ಪಟ್ಟಿ ಮಾಡಿ, ಪಂಚನಾಮೆ ಬರೆದು ಬೀಗ ಹಾಕುತ್ತಾರೆ. ಆದೇಶ ಕೊಡುವವರು ನೋಡುವುದು ಬ್ಯಾಂಕಿನ ಪ್ರಮಾಣಪತ್ರ ಸರಿಯಿದೆಯೇ ಎಂಬುದನ್ನಷ್ಟೆ. ಮನೆ ಯಾರದು ಎಂದು ವಿಚಾರಿಸುವ ಅಧಿಕಾರ ಅವರಿಗಿಲ್ಲ.

ಜಗಳ ಇರುವುದು ಮಾತ್ರ ಅಲ್ಲೇ. ಖಾತೆ ಒಬ್ಬ ಮಗನ ಹೆಸರಿನಲ್ಲಿರುತ್ತದೆ, ಸಾಲ ಪಡೆದವನೂ ಅವನೇ. ಹಕ್ಕು ಕೇಳುವವರು ಅಕ್ಕತಂಗಿಯರು. ಕರ್ನಾಟಕ 1994ರಲ್ಲೇ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಸಮಪಾಲು ಕೊಟ್ಟಿತ್ತು, ಅದಕ್ಕೂ ಮೊದಲು ಮದುವೆಯಾದವರನ್ನು ಬಿಟ್ಟು. 2005ರ ಕೇಂದ್ರ ತಿದ್ದುಪಡಿ ಅವರನ್ನೂ ಸೇರಿಸಿತು. 2020ರ ವಿನೀತಾ ಶರ್ಮಾ ತೀರ್ಪು, ತಿದ್ದುಪಡಿಯ ವೇಳೆಗೆ ತಂದೆ ಬದುಕಿರಲೇಬೇಕು ಎಂಬ ವಾದವನ್ನೂ ತಳ್ಳಿಹಾಕಿತು. ಹಕ್ಕುಪತ್ರ ಒಪ್ಪಿಸಿ ಮಾಡುವ ಅಡಮಾನಕ್ಕೆ ಮುನ್ನ ವಂಶವೃಕ್ಷ ನೋಡದ ಬ್ಯಾಂಕು ಈ ಪಾಲುದಾರರನ್ನು ಕಾಣುವುದು ನ್ಯಾಯಾಲಯದಲ್ಲೇ.

ನೋಟಿಸು ಬಂದ ಮರುವಾರ ಹೂಡಿದ ಪಾಲು ದಾವೆಯನ್ನು ಬ್ಯಾಂಕಿನ ವಕೀಲರು ಅನುಮಾನದಿಂದ ನೋಡುತ್ತಾರೆ. ಅದು ತಪ್ಪೇನಲ್ಲ, ಸಾಲಗಾರನೇ ಮನೆಯವರಿಂದ ಹಾಕಿಸುವುದುಂಟು. ಆದರೆ ಸಾಲಕ್ಕಿಂತ ಹಳೆಯದಾದ ದಾವೆಯನ್ನೂ ಅದೇ ಕಣ್ಣಿನಿಂದ ನೋಡುವುದು ಅನ್ಯಾಯ.

ಈ ಜಿಲ್ಲೆಗೆ ಹೊಂದುವ ಇನ್ನೊಂದು ತಕರಾರು ಕೃಷಿ ಭೂಮಿಯದು. 31ನೇ ಕಲಮಿನ ಪ್ರಕಾರ ಕೃಷಿ ಭೂಮಿಗೆ ಸರ್ಫೇಸಿ ಅನ್ವಯಿಸದು. ಹೀಗಾಗಿ ಭೂಪರಿವರ್ತನೆ ಆಗಿತ್ತೇ, ಪಹಣಿಯಲ್ಲಿ ರಾಗಿ ಬೆಳೆ ನಮೂದಾಗಿದೆಯೇ ಎಂಬ ವಾದ ಏಳುತ್ತದೆ. ಪಹಣಿಯೊಂದೇ ಸಾಲದು, ಜಮೀನು ನಿಜಕ್ಕೂ ಕೃಷಿಗೆ ಬಳಕೆಯಾಗುತ್ತಿರಬೇಕು ಎಂದು ಸುಪ್ರೀಂ ಕೋರ್ಟ್ 2023ರಲ್ಲಿ ಕೆ. ಶ್ರೀಧರ್ ಪ್ರಕರಣದಲ್ಲಿ ಹೇಳಿತು.

ನ್ಯಾಯಾಲಯಗಳ ನಿಲುವೂ ಒಂದೇ ಸಮನಾಗಿ ಸಾಗಿಲ್ಲ. 2004ರ ಮಾರ್ಡಿಯಾ ಕೆಮಿಕಲ್ಸ್ ತೀರ್ಪು ಕಾಯ್ದೆಯನ್ನು ಎತ್ತಿಹಿಡಿದರೂ, ಮೇಲ್ಮನವಿಗೆ ಬಾಕಿಯ ಶೇ 75ರಷ್ಟು ಠೇವಣಿ ಇಡಬೇಕೆಂಬ ಷರತ್ತನ್ನು ರದ್ದು ಮಾಡಿತು. ಸಿವಿಲ್ ನ್ಯಾಯಾಲಯಗಳನ್ನು ತಡೆಯುವ 34ನೇ ಕಲಮು ಪಾಲು ಕೇಳಿದ ದಾವೆಗೂ ಅನ್ವಯಿಸುತ್ತದೆ ಎಂದು 2013ರ ಜಗದೀಶ್ ಸಿಂಗ್ ತೀರ್ಪು ಸಾರಿತು. ಅಲ್ಲಿಂದ ಇಂಥವರು 45 ದಿನಗಳೊಳಗೆ ಬೆಂಗಳೂರಿನ ಸಾಲ ವಸೂಲಾತಿ ನ್ಯಾಯಮಂಡಳಿಗೆ ಓಡಬೇಕಾಯಿತು. ಪಾಲು ಮಾಡಿಕೊಡುವ ಅಧಿಕಾರವಿಲ್ಲದ ಮಂಡಳಿಯ ಮುಂದೆ ಪಾಲಿನ ಕಥೆ ಹೇಳಬೇಕಾದ ಪೇಚು ಅದು.

2025ರ ಜನವರಿಯಲ್ಲಿ ಸೆಂಟ್ರಲ್ ಬ್ಯಾಂಕ್ ವಿರುದ್ಧ ಪ್ರಭಾ ಜೈನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಗಂಟನ್ನು ಸ್ವಲ್ಪ ಸಡಿಲಿಸಿತು: ಹಕ್ಕು ಘೋಷಣೆ ಮತ್ತು ಕ್ರಯಪತ್ರದ ಸಿಂಧುತ್ವ ಸಿವಿಲ್ ನ್ಯಾಯಾಲಯದ ಕೆಲಸ, ನ್ಯಾಯಮಂಡಳಿಯದಲ್ಲ.

ಇಂಥ ದಾವೆಗಳ ಬಿಸಿ ಹರಾಜಿನಲ್ಲಿ ಕೊಳ್ಳುವವರಿಗೂ ತಟ್ಟುತ್ತದೆ. ಬ್ಯಾಂಕು ಮಾರುವುದು ‘ಇದ್ದಲ್ಲಿ, ಇದ್ದಂತೆ’. ನಡೆಯುತ್ತಿರುವ ದಾವೆ ಸಾಮಾನ್ಯವಾಗಿ ಋಣಭಾರ ಪ್ರಮಾಣಪತ್ರದಲ್ಲಿ (ಇಸಿ) ಕಾಣುವುದಿಲ್ಲ. ಬಿಡ್ ಕೂಗುವ ಮುನ್ನ ತಾಲ್ಲೂಕು ನ್ಯಾಯಾಲಯದಲ್ಲಿ ಸರ್ವೆ ನಂಬರು ಹಿಡಿದು ವಿಚಾರಿಸಬೇಕು.