ಹೆಸರಿಲ್ಲದ ಒಂದು ಇಮೇಲ್



ಕಳೆದ ವರ್ಷ ನಮ್ಮ ಪಿಕ್‌ನಿಕ್ ಫೋಟೋಗಳನ್ನು ನಾನು ಯಾರನ್ನೂ ಕೇಳದೆ ಹಾಕಿದ್ದೆ. ಒಬ್ಬರು ಅಮ್ಮ ಫೋನ್ ಮಾಡಿ, "ಮಗಳ ಫೋಟೋ ತೆಗೆದುಬಿಡಪ್ಪಾ" ಅಂದರು. "ತಪ್ಪೇನೂ ಇಲ್ವಲ್ಲ ಆಂಟಿ" ಎಂದು ನಾನು ವಾದಿಸಿದೆ. ಆಮೇಲೆ ಲಾರಾ ಪೊಯಿಟ್ರಸ್ ಅವರ ಕಥೆ ಓದಿದಾಗ ನನಗೆ ನಾಚಿಕೆಯಾಯಿತು.

ಲಾರಾ ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕಿ. 2006ರಲ್ಲಿ ಇರಾಕ್ ಯುದ್ಧದ ಕುರಿತು 'ಮೈ ಕಂಟ್ರಿ, ಮೈ ಕಂಟ್ರಿ' ಎಂಬ ಚಿತ್ರ ಮಾಡಿದರು. ಆಮೇಲೆ 2012ರವರೆಗೆ ವಿಮಾನ ನಿಲ್ದಾಣಗಳಲ್ಲಿ ಅವರನ್ನು 50ಕ್ಕೂ ಹೆಚ್ಚು ಬಾರಿ ತಡೆದು ವಿಚಾರಿಸಿದರು. ಅವರ ಮೇಲೆ ಒಂದು ಕೇಸೂ ಇರಲಿಲ್ಲ! ಕೊನೆಗೆ ಅವರು ಬರ್ಲಿನ್‌ಗೆ ಹೋಗಿ ನೆಲೆಸಿದರು.

2013ರ ಜನವರಿಯಲ್ಲಿ ಅವರಿಗೆ ಅಪರಿಚಿತನೊಬ್ಬನ ಇಮೇಲ್ ಬಂತು. ಅವನು ಇಟ್ಟುಕೊಂಡಿದ್ದ ಹೆಸರು 'ಸಿಟಿಜನ್‌ಫೋರ್'. ಬೇರೆಯವರು ಓದಲಾಗದಂತೆ ಗೂಢಲಿಪಿಯಲ್ಲಿ ಅವರಿಬ್ಬರ ಪತ್ರವ್ಯವಹಾರ ತಿಂಗಳುಗಟ್ಟಲೆ ನಡೆಯಿತು. ಇದು ಬಲೆಯಿರಬಹುದೇ ಎಂಬ ಅನುಮಾನ ಲಾರಾ ಅವರಿಗೆ ಇದ್ದೇ ಇತ್ತು. ಜೂನ್‌ನಲ್ಲಿ ಹಾಂಗ್‌ಕಾಂಗ್‌ನ ಹೋಟೆಲಿನಲ್ಲಿ ಕೈಯಲ್ಲಿ ರೂಬಿಕ್ಸ್ ಕ್ಯೂಬ್ ಹಿಡಿದು ಬಂದವನು 29 ವರ್ಷದ ಎಡ್ವರ್ಡ್ ಸ್ನೋಡೆನ್.

ಜೂನ್ 5ರಂದು ಮೊದಲ ವರದಿ ಬಂತು. ಒಂದು ದೊಡ್ಡ ಫೋನ್ ಕಂಪನಿಯ ಲಕ್ಷಾಂತರ ಗ್ರಾಹಕರ ಕರೆಗಳ ವಿವರ ದಿನವೂ ಅಮೆರಿಕದ ಗುಪ್ತಚರ ಸಂಸ್ಥೆ ಎನ್‌ಎಸ್‌ಎಗೆ ಹೋಗುತ್ತಿತ್ತು. ಮಾತುಗಳಲ್ಲ, ಯಾರು, ಯಾರಿಗೆ, ಯಾವಾಗ, ಎಷ್ಟು ಹೊತ್ತು ಎಂಬುದು ಮಾತ್ರ. ಅಷ್ಟೇ ತಾನೇ ಅನ್ನಿಸುತ್ತದಲ್ಲವೇ? ಆದರೆ ನಡುರಾತ್ರಿ ಆಂಬುಲೆನ್ಸಿಗೆ, ಆಮೇಲೆ ಫಾದರ್‌ಗೆ, ಬೆಳಗ್ಗೆ ಊರಿನ ಬಂಧುಗಳಿಗೆಲ್ಲ ಒಂದು ಮನೆಯಿಂದ ಕರೆ ಹೋದರೆ, ಆ ಮನೆಯಲ್ಲಿ ಏನಾಯಿತೆಂದು ಒಂದು ಮಾತೂ ಕೇಳದೆ ತಿಳಿಯುವುದಿಲ್ಲವೇ?

ಲಾರಾ ಇದನ್ನೆಲ್ಲ ಚಿತ್ರೀಕರಿಸಿದರು. 2014ರಲ್ಲಿ ಬಂದ 'ಸಿಟಿಜನ್‌ಫೋರ್' ಚಿತ್ರಕ್ಕೆ 2015ರಲ್ಲಿ ಆಸ್ಕರ್ ಸಿಕ್ಕಿತು. ಕರೆಗಳ ವಿವರವನ್ನು ಹೀಗೆ ಒಟ್ಟಾಗಿ ಸಂಗ್ರಹಿಸುವುದನ್ನು ನಿಲ್ಲಿಸುವ ಕಾನೂನು ಅದೇ ವರ್ಷ ಅಮೆರಿಕದಲ್ಲಿ ಬಂತು. ಸ್ನೋಡೆನ್ ಮೇಲೆ ಕೇಸು ಬಿತ್ತು. ಅವರು ರಷ್ಯಾದಲ್ಲಿ ಉಳಿದರು. ಅವರು ಮಾಡಿದ್ದು ಸರಿಯೇ ಎಂಬ ಚರ್ಚೆ ಇನ್ನೂ ಮುಗಿದಿಲ್ಲ.

ನಮ್ಮ ದೇಶದಲ್ಲೂ ಇದೇ ಪ್ರಶ್ನೆ ಎದ್ದಿತು. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ 80 ದಾಟಿದ ಮೇಲೆ, 2012ರಲ್ಲಿ, ಆಧಾರ್ ವಿಷಯವಾಗಿ ಸುಪ್ರೀಂ ಕೋರ್ಟಿಗೆ ಹೋದರು. 2017ರ ಆಗಸ್ಟ್ 24ರಂದು 9 ನ್ಯಾಯಮೂರ್ತಿಗಳು ಒಮ್ಮತದಿಂದ ತೀರ್ಪು ಕೊಟ್ಟರು: ಖಾಸಗಿತನ ಮೂಲಭೂತ ಹಕ್ಕು.

ಆ ಚಿತ್ರದಲ್ಲಿ ಸ್ನೋಡೆನ್ ಪಾಸ್‌ವರ್ಡ್ ಒತ್ತುವಾಗ ತಲೆಯ ಮೇಲೆ ಬಟ್ಟೆ ಹೊದ್ದುಕೊಳ್ಳುತ್ತಾರೆ. ನಾವು ಅಷ್ಟು ಮಾಡಬೇಕಾಗಿಲ್ಲ. ಪಿನ್ ಯಾರಿಗೂ ಹೇಳದಿರೋಣ. ಇನ್ನೊಬ್ಬರ ಫೋಟೋ ಹಾಕುವ ಮೊದಲು ಒಂದು ಮಾತು ಕೇಳೋಣ.

ಆ ಫೋಟೋ ನಾನು ತೆಗೆದೆ. ಆ ಅಮ್ಮನ ಹತ್ತಿರ ಕ್ಷಮೆಯನ್ನೂ ಕೇಳಿದೆ. ಈ ಬಾರಿಯ ಪಿಕ್‌ನಿಕ್‌ನಲ್ಲಿ ಮೊದಲು ಕೇಳುತ್ತೇನೆ.