ಮೈಸೂರು ರಾಜ್ಯದ ವೈದ್ಯಕಾಲೇಜು ಪ್ರವೇಶವ್ಯಾಜ್ಯಗಳು: 1962–1964

ವೈದ್ಯಕಾಲೇಜುಗಳ ಪ್ರವೇಶವನ್ನು ಕುರಿತ ವ್ಯಾಜ್ಯಗಳ ಚರಿತ್ರೆಯನ್ನು ಸಾಮಾನ್ಯವಾಗಿ ಮದರಾಸಿನ ಚಂಪಕಂ ದೊರೈರಾಜನ್ ಪ್ರಕರಣದಿಂದ ಆರಂಭಿಸುವರು. ಪ್ರತಿ 14 ಸ್ಥಾನಗಳನ್ನು ಜಾತಿಮತಾನುಸಾರವಾಗಿ ಹಂಚುತ್ತಿದ್ದ ಆ ಸರಕಾರದ ಆಜ್ಞೆಯನ್ನು ಸರ್ವೋಚ್ಚ ನ್ಯಾಯಾಲಯವು 1951ರಲ್ಲಿ ಅಸಿಂಧುವೆಂದಿತು. ಅದೇ ವರ್ಷ ಸಂವಿಧಾನಕ್ಕೆ 15(4)ನೆಯ ವಿಧಿಯು ಸೇರಿ, ಹಿಂದುಳಿದ ವರ್ಗಗಳಿಗೆ ವಿಶೇಷ ಏರ್ಪಾಡು ಮಾಡುವ ಅಧಿಕಾರವು ರಾಜ್ಯಗಳಿಗೆ ಲಭಿಸಿತು. ಆದರೆ ಹಿಂದುಳಿದವರಾರು, ಅವರನ್ನು ಅಳೆಯುವ ಮಾನವಾವುದು ಎಂಬುದನ್ನು ಆ ವಿಧಿಯು ಹೇಳಲಿಲ್ಲ. ಈ ಜಿಜ್ಞಾಸೆಯು ಮೊದಲು ತೀಕ್ಷ್ಣವಾದುದು ಮೈಸೂರು ರಾಜ್ಯದಲ್ಲಿ.

1962ನೆಯ ಜುಲೈ 31ರ ಆಜ್ಞೆಯಿಂದ ಮೈಸೂರು ಸರಕಾರವು ವೈದ್ಯ ಮತ್ತು ಎಂಜಿನಿಯರಿಂಗ್ ಕಾಲೇಜುಗಳ ಸ್ಥಾನಗಳಲ್ಲಿ ನೂರಕ್ಕೆ 28ನ್ನು ಹಿಂದುಳಿದವರಿಗೂ, 22ನ್ನು ಹೆಚ್ಚು ಹಿಂದುಳಿದವರಿಗೂ, 15ನ್ನು ಪರಿಶಿಷ್ಟ ಜಾತಿಗಳಿಗೂ, 3ನ್ನು ಪರಿಶಿಷ್ಟ ಪಂಗಡಗಳಿಗೂ ಕಾಯ್ದಿರಿಸಿತು. ಒಟ್ಟು 68; ಉಳಿದವರೆಲ್ಲರಿಗೆ 32. ಇದಕ್ಕೆ ಆಧಾರವಾದ ಗಣನೆಯು ಕುತೂಹಲಕರವಾಗಿದೆ. ಪ್ರೌಢಶಾಲೆಯ ಕೊನೆಯ ಮೂರು ತರಗತಿಗಳಲ್ಲಿ ಓದುವವರು ಪ್ರತಿಯೊಂದು ಜಾತಿಯಲ್ಲಿ ಸಾವಿರಕ್ಕೆ ಎಷ್ಟು ಮಂದಿಯೆಂದು ಲೆಕ್ಕ ಹಾಕಲಾಗಿ, ರಾಜ್ಯದ ಸರಾಸರಿಯು 6.9 ಆಯಿತು. ಅದನ್ನು 7 ಎಂದು ಹಿಡಿದು, 7.1 ಇದ್ದ ಲಿಂಗಾಯತರನ್ನೂ ಪಟ್ಟಿಗೆ ಸೇರಿಸಿದರು. ಸರಾಸರಿಯನ್ನು ಮೀರಿದವರೂ ಹಿಂದುಳಿದವರೇ ಆದರು! ತಾರ್ಕಿಕರು ಲಕ್ಷಣದ ಅತಿವ್ಯಾಪ್ತಿಯೆಂದು ಹೇಳುವ ದೋಷವು ಇದೇ.

ಅಸಮಾಧಾನಗೊಂಡ ವಿದ್ಯಾರ್ಥಿಗಳ ಅರ್ಜಿಗಳ ಮೇಲೆ, ಬಾಲಾಜಿ ಪ್ರಕರಣವೆಂದು ಪ್ರಸಿದ್ಧವಾದ ತೀರ್ಪು ಸೆಪ್ಟೆಂಬರ್ 28ರಂದು ಹೊರಬಿದ್ದಿತು. ಅದನ್ನು ಬರೆದವರು ನ್ಯಾಯಮೂರ್ತಿ ಗಜೇಂದ್ರಗಡ್ಕರರು. ಜಾತಿಯೊಂದೇ ಮಾನವಾಗಲಾರದು, ಸರಾಸರಿಗಿಂತ ಬಹಳ ಕೆಳಗಿರುವವರೇ ಹಿಂದುಳಿದವರು, ಮೀಸಲಾತಿಯು ಸಾಮಾನ್ಯವಾಗಿ ನೂರಕ್ಕೆ 50ರೊಳಗಿರಬೇಕು ಎಂದು ಅವರು ನಿರ್ಣಯಿಸಿದರು. ಹಿಂದುಳಿದವರಲ್ಲಿ ಎರಡು ಭಾಗ ಮಾಡಿದುದನ್ನೂ ಅವರು ಒಪ್ಪಲಿಲ್ಲ. ಈ ಅಂಶವನ್ನು 1992ರ ಇಂದ್ರಾ ಸಾಹನಿ ತೀರ್ಪು ಬದಲಾಯಿಸಿತು.

ಮರುವರ್ಷ ಸರಕಾರವು ಜಾತಿಯನ್ನು ಬಿಟ್ಟು ವೃತ್ತಿವರಮಾನಗಳನ್ನು ಹಿಡಿಯಿತು. ವರ್ಷಕ್ಕೆ 1,200 ರೂಪಾಯಿಗೆ ಮೀರದ ವರಮಾನವಿದ್ದು, ಬೇಸಾಯ, ಸಣ್ಣ ವ್ಯಾಪಾರ, ಕೈಕಸುಬು ಮೊದಲಾದವುಗಳಿಂದ ಜೀವಿಸುವ ಕುಟುಂಬಗಳ ಮಕ್ಕಳಿಗೆ ನೂರಕ್ಕೆ 30. ಪರಿಶಿಷ್ಟರ 18 ಸೇರಿ 48. ಬಾಲಾಜಿ ತೀರ್ಪಿನ ಗಡಿಯೊಳಗೇ ನಿಂತಿತು. ಆಗ ಕಲಹವು ಬೇರೊಂದು ಬಾಗಿಲಿನಿಂದ ಪ್ರವೇಶಿಸಿತು. ಐಚ್ಛಿಕ ವಿಷಯಗಳ ಗರಿಷ್ಠ ಅಂಕಗಳ ನೂರಕ್ಕೆ 25ರಷ್ಟನ್ನು ಸಂದರ್ಶನಕ್ಕೆ ಇಟ್ಟುದರಿಂದ, ಪರೀಕ್ಷೆಯಲ್ಲಿ ಮೇಲಿದ್ದವರು ಆಯ್ಕೆಯ ಪಟ್ಟಿಯಲ್ಲಿ ಕೆಳಗಿಳಿದರೆಂಬ ದೂರು ಹುಟ್ಟಿತು. ಇದು ಚಿತ್ರಲೇಖಾ ಪ್ರಕರಣ. ಹೈಕೋರ್ಟು ನಡೆದ ಸಂದರ್ಶನಗಳನ್ನು ರದ್ದುಮಾಡಿ ಹೊಸದಾಗಿ ನಡೆಸಲು ಆಜ್ಞಾಪಿಸಿತು. ಸಂದರ್ಶನಪದ್ಧತಿಯೇ ಅಸಿಂಧುವೆಂಬ ವಾದವನ್ನು ಮಾತ್ರ ಸರ್ವೋಚ್ಚ ನ್ಯಾಯಾಲಯವು ಒಪ್ಪಲಿಲ್ಲ: ನ್ಯಾಯಮೂರ್ತಿ ಸುಬ್ಬರಾಯರ ಮತದಂತೆ ದುರುಪಯೋಗವು ನಿವಾರ್ಯ, ಪದ್ಧತಿಯು ನಿರ್ದುಷ್ಟ. ವಾಕ್ಯಾರ್ಥಸಭೆಯಲ್ಲಿ ಪ್ರಶ್ನೋತ್ತರಗಳೆರಡೂ ಸಭೆಗೆ ಕೇಳಿಸುವುವು. ಮುಚ್ಚಿದ ಬಾಗಿಲ ಹಿಂದಿನ ಮೌಖಿಕಪರೀಕ್ಷೆಯಲ್ಲಿ ದುರುಪಯೋಗವನ್ನು ಸಾಧಿಸುವ ಪ್ರಮಾಣವು ವಿದ್ಯಾರ್ಥಿಗೆ ಎಲ್ಲಿಂದ ಬರಬೇಕು? ಈ ಸಂದೇಹಕ್ಕೆ ತೀರ್ಪಿನಲ್ಲಿ ಸಾಕಷ್ಟು ಸಮಾಧಾನವಿಲ್ಲ.

ಆಜ್ಞೆಗಳು ಹೊರಟುದು 1963ರ ಜುಲೈಯಲ್ಲಿ, ತೀರ್ಪು ಬಂದುದು 1964ರ ಜನವರಿ 29ರಂದು. ಪಾಠದ ವರ್ಷವು ಅರ್ಧಕ್ಕೂ ಮೀರಿ ಕಳೆದಿತ್ತು. ಸ್ವಂತ ತಪ್ಪಿಲ್ಲದೆ ಸ್ಥಾನವನ್ನು ಕಳೆದುಕೊಂಡು, ತಡಮಾಡದೆ ನ್ಯಾಯಾಲಯಕ್ಕೆ ಬಂದ ವೈದ್ಯವಿದ್ಯಾರ್ಥಿಗೆ ವಿರಳಸಂದರ್ಭಗಳಲ್ಲಿ ಮುಂದಿನ ವರ್ಷದ ಸ್ಥಾನವನ್ನಾದರೂ ಕೊಡಿಸಬಹುದೆಂದು ಸರ್ವೋಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠವು ನಿರ್ಣಯಿಸಿದುದು 2019ರ ಡಿಸೆಂಬರಿನಲ್ಲಿ.